ಬಂಡೆಯನ್ನೇ ಬದುಕಾಗಿಸಿಕೊಂಡ ಲಿನ್ ಹಿಲ್

ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ ಯೊಸೆಮಿಟಿ ಎಂಬ ಕಣಿವೆಯಿದೆ. ಅಲ್ಲಿ ಎಲ್ ಕ್ಯಾಪಿಟನ್ ಎಂಬ ಹೆಬ್ಬಂಡೆ ನೆಲದಿಂದ ಸುಮಾರು 900 ಮೀಟರ್ ಎತ್ತರಕ್ಕೆ ನೆಟ್ಟಗೆ ಎದ್ದು ನಿಂತಿದೆ. ಅದರ ಎರಡು ಮಹಾಗೋಡೆಗಳು ಬಂದು ಕೂಡುವ ಏಣಿನ ಮೇಲೆ ಸಾಗುವ ದಾರಿಗೆ ‘ನೋಸ್’ ಎಂದು ಹೆಸರು. 1993ರಲ್ಲಿ ಲಿನ್ ಹಿಲ್ ಎಂಬ ಮಹಿಳೆ ಈ ದಾರಿಯನ್ನು ತಮ್ಮ ಕೈಕಾಲುಗಳ ಬಲವೊಂದರಿಂದಲೇ ನಾಲ್ಕು ದಿನಗಳಲ್ಲಿ ಹತ್ತಿದರು. ಮರುವರ್ಷ ಸೆಪ್ಟೆಂಬರ್‌ನಲ್ಲಿ ಅದೇ ದಾರಿಯನ್ನು ಅದೇ ರೀತಿಯಲ್ಲಿ 23 ಗಂಟೆಗಳಲ್ಲಿ ಮುಗಿಸಿದರು. ಅವರಿಗಿಂತ ಮೊದಲು ಹಾಗೆ ಹತ್ತಿದವರು ಗಂಡಸರಲ್ಲೂ ಇರಲಿಲ್ಲ, ಹೆಂಗಸರಲ್ಲೂ ಇರಲಿಲ್ಲ. ಅವರ ಎತ್ತರ 157 ಸೆಂಟಿಮೀಟರ್, ಅಂದರೆ ಐದು ಅಡಿ ಎರಡು ಅಂಗುಲ.

ಬಂಡೆ ಹತ್ತುವ ಆಟದ ಪರಿಚಯವೇ ಇಲ್ಲದವರಿಗೆ ನಾನು ಈ ಒಬ್ಬರ ಬದುಕನ್ನು ಹಿಡಿದೇ ಪಾಠ ಶುರುಮಾಡುತ್ತೇನೆ. ಈ ಆಟದಲ್ಲಿ ತಿಳಿಯಬೇಕಾದದ್ದೆಲ್ಲ ಒಂದಲ್ಲ ಒಂದು ಕಡೆ ಅವರ ದಾರಿಯಲ್ಲಿ ಸಿಗುತ್ತದೆ. ತಂತ್ರ, ನಿಯಮ, ಹಣ, ಅಪಾಯ, ಹೆಣ್ಣೆಂಬ ಕಾರಣಕ್ಕೆ ಕೇಳಬೇಕಾದ ಮಾತುಗಳು, ಎಲ್ಲವೂ.

ಮೊದಲು ‘ಕೈಕಾಲುಗಳ ಬಲವೊಂದರಿಂದಲೇ’ ಎಂದದ್ದನ್ನು ಬಿಡಿಸಿ ಹೇಳಬೇಕು. ಹೊಸಬರು ಎಡವುವುದು ಇಲ್ಲೇ. ದೊಡ್ಡ ಬಂಡೆಯನ್ನು ಮೂರು ಬಗೆಯಲ್ಲಿ ಹತ್ತಬಹುದು. ಬಿರುಕಿಗೆ ಲೋಹದ ಮೊಳೆ ಬಡಿದು, ಅದಕ್ಕೆ ಪಟ್ಟಿಯ ಏಣಿ ನೇತುಹಾಕಿ, ಆ ಏಣಿಯ ಮೇಲೆ ನಿಂತು, ಇನ್ನಷ್ಟು ಮೇಲೆ ಮತ್ತೊಂದು ಮೊಳೆ ಬಡಿಯುತ್ತಾ ಏರುವುದು ಒಂದು ಬಗೆ. ಇದನ್ನು ಏಡ್ ಕ್ಲೈಂಬಿಂಗ್ ಎನ್ನುತ್ತಾರೆ. ಇಲ್ಲಿ ದೇಹದ ಭಾರ ಹೊರುವುದು ಸಲಕರಣೆ. ಎರಡನೆಯದು ಫ್ರೀ ಕ್ಲೈಂಬಿಂಗ್. ಇದರಲ್ಲೂ ಹಗ್ಗವಿರುತ್ತದೆ, ಬಿರುಕಿನಲ್ಲಿ ಸಿಕ್ಕಿಸಿದ ಲೋಹದ ತುಂಡುಗಳಿರುತ್ತವೆ, ಆದರೆ ಅವು ಬಿದ್ದಾಗ ಹಿಡಿಯುವುದಕ್ಕೆ ಮಾತ್ರ. ಮೇಲೇರಲು ಅವನ್ನು ಹಿಡಿಯುವಂತಿಲ್ಲ, ಅವುಗಳ ಮೇಲೆ ನಿಲ್ಲುವಂತಿಲ್ಲ. ಮೂರನೆಯದು ಹಗ್ಗವೇ ಇಲ್ಲದೆ ಹತ್ತುವುದು, ಫ್ರೀ ಸೋಲೊ. ಸಿನಿಮಾಗಳಿಂದಾಗಿ ಈಚೆಗೆ ಈ ಮೂರನೆಯದೇ ಜನರ ತಲೆಯಲ್ಲಿ ಕೂತಿದೆ. ಆದರೆ ಬಂಡೆ ಹತ್ತುವವರಲ್ಲಿ ಅದನ್ನು ಮಾಡುವವರು ತೀರ ಕಡಿಮೆ. ಲಿನ್ ಹಿಲ್ ಅವರ ಸಾಧನೆ ಎರಡನೆಯ ಬಗೆಯದು.

ಹಗ್ಗದ ಕೆಲಸವನ್ನೂ ತಿಳಿದುಕೊಳ್ಳಿ. ಹತ್ತುವವರು ಸಾಮಾನ್ಯವಾಗಿ ಇಬ್ಬರು. ಸೊಂಟ ತೊಡೆಗಳನ್ನು ಸುತ್ತುವ ಹಾರ್ನೆಸ್ ಎಂಬ ಪಟ್ಟಿಗೆ ಹಗ್ಗ ಬಿಗಿದುಕೊಂಡು ಒಬ್ಬರು ಮುಂದೆ ಹೋಗುತ್ತಾರೆ. ಇನ್ನೊಬ್ಬರು ಕೆಳಗಿದ್ದು ಹಗ್ಗವನ್ನು ಒಂದು ತಡೆಸಾಧನದ ಮೂಲಕ ಸ್ವಲ್ಪ ಸ್ವಲ್ಪವೇ ಬಿಡುತ್ತಾರೆ. ಈ ಕೆಲಸಕ್ಕೆ ಬಿಲೇ ಎಂದು ಹೆಸರು. ಮುಂದಿನವರು ಹೋಗುತ್ತಾ ಬಿರುಕಿನಲ್ಲಿ ಲೋಹದ ತುಂಡು ಸಿಕ್ಕಿಸಿ, ಕ್ಯಾರಬಿನರ್ ಎಂಬ ಕೊಂಡಿಯಿಂದ ಹಗ್ಗವನ್ನು ಅದಕ್ಕೆ ಸೇರಿಸುತ್ತಾರೆ. ಕೈ ಜಾರಿದರೆ ಆ ತುಂಡಿನ ತನಕ ಇಳಿದು, ಅಷ್ಟೇ ದೂರ ಇನ್ನೂ ಕೆಳಕ್ಕೆ ಬಿದ್ದು, ಹಗ್ಗ ಬಿಗಿದು ನಿಲ್ಲುತ್ತಾರೆ. ಒಂದು ಹಗ್ಗದ ಅಳತೆಯಷ್ಟು ಹತ್ತಿ, ನಿಲ್ಲುವ ಜಾಗ ಮಾಡಿಕೊಂಡು, ಜೊತೆಗಾರರನ್ನು ಮೇಲಕ್ಕೆ ಕರೆಸಿಕೊಂಡರೆ ಒಂದು ಪಿಚ್ ಮುಗಿಯಿತು. ನೋಸ್ ದಾರಿಯಲ್ಲಿ ಇಂಥವು 31 ಇವೆ.

ಲಿನ್ ಹುಟ್ಟಿದ್ದು 1961ರಲ್ಲಿ, ಡೆಟ್ರಾಯಿಟ್‌ನಲ್ಲಿ. ಬೆಳೆದದ್ದು ದಕ್ಷಿಣ ಕ್ಯಾಲಿಫೋರ್ನಿಯಾದಲ್ಲಿ. ಏಳು ಮಕ್ಕಳ ಮನೆ, ಅದರಲ್ಲಿ ಈಕೆ ಐದನೆಯವಳು. ಮರ, ದೀಪದ ಕಂಬ, ಸಿಕ್ಕಿದ್ದನ್ನೆಲ್ಲ ಹತ್ತುತ್ತಿದ್ದ ಹುಡುಗಿ ಚಿಕ್ಕಂದಿನಲ್ಲೇ ಜಿಮ್ನಾಸ್ಟಿಕ್ಸ್ ಕಲಿತಳು. ಹುಡುಗಿಯರು ನಗುಮುಖ ಹೊತ್ತು ಮುದ್ದುಮುದ್ದಾಗಿ ಪ್ರದರ್ಶನ ಕೊಡಬೇಕೆಂಬ ಕಟ್ಟಳೆ ಅವಳಿಗೆ ಹಿಡಿಸಲಿಲ್ಲ. ಆದರೆ ಅಲ್ಲಿ ಕಲಿತ ಒಂದು ವಿದ್ಯೆ ಕೊನೆತನಕ ಕೈಬಿಡಲಿಲ್ಲ. ಕಷ್ಟದ ಚಲನೆಯೊಂದನ್ನು ಚೂರುಚೂರು ಮಾಡಿಕೊಂಡು ಪ್ರತಿ ಚೂರನ್ನೂ ದೇಹಕ್ಕೆ ಕಲಿಸುವುದು, ಆಮೇಲೆ ಎಲ್ಲವನ್ನೂ ಒಂದೇ ಉಸಿರಿನಲ್ಲಿ ಜೋಡಿಸುವುದು ಆ ವಿದ್ಯೆ. ಮುಂದೆ ಅವರು ಬಂಡೆಯ ಮೇಲೆ ಮಾಡಿದ್ದು ಹೆಚ್ಚುಕಡಿಮೆ ಇದನ್ನೇ.

1975ರಲ್ಲಿ, ಹದಿನಾಲ್ಕನೆಯ ವಯಸ್ಸಿನಲ್ಲಿ, ಅಕ್ಕ ಮತ್ತು ಅಕ್ಕನನ್ನು ಮದುವೆಯಾಗಲಿದ್ದ ಹುಡುಗ ಅವಳನ್ನು ಮೊದಲ ಬಾರಿ ಬಂಡೆ ಹತ್ತಿಸಲು ಕರೆದೊಯ್ದರು. ಆ ಹುಡುಗ ಮುಂದೆ 1980ರಲ್ಲಿ ದಕ್ಷಿಣ ಅಮೆರಿಕದ ಅಕೊಂಕಾಗುವಾ ಪರ್ವತದಲ್ಲಿ ಪ್ರಾಣ ಕಳೆದುಕೊಂಡ. ಹಿಮ, ಬಿರುಗಾಳಿ, ಗಾಳಿಯೇ ತೆಳುವಾಗುವ ಎತ್ತರ, ಹೀಗೆ ನಮ್ಮ ಹಿಡಿತಕ್ಕೆ ಸಿಗದ ಅಪಾಯಗಳೇ ತುಂಬಿದ ಪರ್ವತಾರೋಹಣದ ಕಡೆಗೆ ಲಿನ್ ಒಲಿಯಲಿಲ್ಲ. ಬಂಡೆಯ ಮೇಲಿನ ಚಲನೆಯೇ ಅವರ ಕ್ಷೇತ್ರವಾಯಿತು. ಪತ್ರಿಕೆಗಳು ಎವರೆಸ್ಟ್ ಹತ್ತುವುದನ್ನೂ ಬಂಡೆ ಹತ್ತುವುದನ್ನೂ ಒಂದೇ ಬುಟ್ಟಿಗೆ ಹಾಕುವುದುಂಟು. ಎರಡೂ ಬೇರೆ ಬೇರೆ ವಿದ್ಯೆಗಳು.

ಎಪ್ಪತ್ತರ ದಶಕದ ಕೊನೆಯಲ್ಲಿ ಯೊಸೆಮಿಟಿಯ ‘ಕ್ಯಾಂಪ್ 4’ ಎಂಬ ಬಯಲಿನಲ್ಲಿ ಯುವಕರ ಒಂದು ಗುಂಪು ಡೇರೆ ಹಾಕಿಕೊಂಡು ತಿಂಗಳುಗಟ್ಟಲೆ ಇರುತ್ತಿತ್ತು. ಕೈಯಲ್ಲಿ ಕಾಸಿಲ್ಲ. ಪ್ರವಾಸಿಗರು ಎಸೆದ ಡಬ್ಬಿಗಳನ್ನು ಆಯ್ದು ಕೊಟ್ಟರೆ ಚಿಲ್ಲರೆ ಸಿಗುತ್ತಿತ್ತು. ಉಪಾಹಾರಗೃಹದಲ್ಲಿ ಜನ ಬಿಟ್ಟುಹೋದ ತಟ್ಟೆಗಳಿಂದಲೂ ಹೊಟ್ಟೆ ತುಂಬುತ್ತಿತ್ತು. ಲಿನ್ ಆ ಗುಂಪಿನಲ್ಲಿ ಬೆರೆತರು. ಅಲ್ಲಿ ಹೆಂಗಸರ ಸಂಖ್ಯೆ ಬೆರಳೆಣಿಕೆಯದು, ಆದರೆ ಇದ್ದವರು ಗಟ್ಟಿಗರು. 1973ರಲ್ಲೇ ಬೆವ್ ಜಾನ್ಸನ್ ಮತ್ತು ಸಿಬಿಲ್ ಹೆಕ್ಟೆಲ್ ಗಂಡಸರ ಜೊತೆಯಿಲ್ಲದೆ ಎಲ್ ಕ್ಯಾಪಿಟನ್ ಹತ್ತಿದ್ದರು. ಐದು ವರ್ಷದ ಮೇಲೆ ಬೆವ್ ಜಾನ್ಸನ್ ಒಬ್ಬರೇ ಅದನ್ನು ಹತ್ತಿದರು. ‘ಹೆಂಗಸೊಬ್ಬಳು ಇದನ್ನು ಮಾಡಬಲ್ಲಳೇ’ ಎಂಬ ಪ್ರಶ್ನೆಯನ್ನು ಲಿನ್ ಕೇಳಿಕೊಳ್ಳಬೇಕಾಗಿಯೇ ಬರಲಿಲ್ಲ. ಉತ್ತರ ಕಣ್ಣೆದುರು ಓಡಾಡುತ್ತಿತ್ತು.

ಇಲ್ಲೇ ದರ್ಜೆಗಳ ವಿಷಯವನ್ನೂ ಹೇಳಿಬಿಡುತ್ತೇನೆ, ಇಲ್ಲದಿದ್ದರೆ ಮುಂದಿನದು ಅರ್ಥವಾಗುವುದಿಲ್ಲ. ಅಮೆರಿಕದಲ್ಲಿ ಹಗ್ಗ ಬೇಕಾಗುವ ದಾರಿಗಳನ್ನೆಲ್ಲ 5 ಎಂಬ ಅಂಕಿಯಿಂದ ಗುರುತಿಸಿ, ಅದರ ಮುಂದಿನ ಸಂಖ್ಯೆಯಿಂದ ಕಷ್ಟವನ್ನು ಅಳೆಯುತ್ತಾರೆ. 5.9ಕ್ಕೇ ಮನುಷ್ಯನ ಶಕ್ತಿ ಮುಗಿಯಿತೆಂದು ಒಂದು ಕಾಲದಲ್ಲಿ ಭಾವಿಸಿದ್ದರು. ಆಮೇಲೆ 5.10, 5.11 ಎಂದು ಬೆಳೆಸಬೇಕಾಯಿತು. ಒಂದೊಂದರೊಳಗೂ ಎ, ಬಿ, ಸಿ, ಡಿ ಎಂಬ ಮೆಟ್ಟಿಲುಗಳು ಹುಟ್ಟಿದವು. ಯುರೋಪಿನಲ್ಲಿ ಫ್ರೆಂಚರ ಕ್ರಮ ಬೇರೆ: 6ಎ, 6ಎ+, 6ಬಿ, ಹೀಗೆ. ಅಮೆರಿಕದ 5.14ಎ ಎಂದರೆ ಫ್ರೆಂಚರ 8ಬಿ+. ಒಂದು ದಾರಿಯನ್ನು ಮೊದಲು ಹತ್ತಿದವರು ದರ್ಜೆ ಸೂಚಿಸುತ್ತಾರೆ, ಆಮೇಲೆ ಹತ್ತಿದವರು ಒಪ್ಪುತ್ತಾರೆ ಅಥವಾ ತಿದ್ದುತ್ತಾರೆ. ಇದನ್ನು ಅಳೆಯುವ ಯಂತ್ರವಿಲ್ಲ, ಹತ್ತಿದವರ ಅನುಭವವೇ ಅಳತೆಗೋಲು. ಹೀಗಾಗಿ ಉದ್ದ ಕೈಯವರಿಗೆ ಸುಲಭವಾದದ್ದು ಗಿಡ್ಡವರಿಗೆ ಎರಡು ದರ್ಜೆ ಮೇಲಿನದಾಗಬಹುದು. ಅದರ ತಿರುಗುಮುರುಗೂ ಆಗಬಹುದು.

1979ರಲ್ಲಿ ಕೊಲರಾಡೊದ ‘ಓಫಿರ್ ಬ್ರೋಕ್’ ಎಂಬ ಬಿರುಕಿನ ದಾರಿಯನ್ನು ಲಿನ್ ಹತ್ತಿದರು. ದರ್ಜೆ 5.12ಡಿ. ಅಷ್ಟು ಕಷ್ಟದ ದಾರಿಯನ್ನು ಆವರೆಗೆ ಬೇರೆ ಯಾವ ಮಹಿಳೆಯೂ ಹತ್ತಿರಲಿಲ್ಲ. ಆಗ ಅವರಿಗೆ ಹದಿನೆಂಟು. ಆ ಹೊತ್ತಿಗೆ ಜಗತ್ತಿನ ಅತಿ ಕಷ್ಟದ ದಾರಿಗಳು 5.13ರ ಹೊಸ್ತಿಲಲ್ಲಿದ್ದವು ಎಂಬುದನ್ನು ನೆನಪಿಟ್ಟುಕೊಂಡರೆ ಆ ಹುಡುಗಿ ಎಲ್ಲಿ ನಿಂತಿದ್ದಳೆಂದು ತಿಳಿಯುತ್ತದೆ.

ಆದರೆ ಹೊಟ್ಟೆಪಾಡು? ಬಂಡೆ ಹತ್ತಿದರೆ ಸಂಬಳ ಕೊಡುವವರು ಆಗ ಯಾರೂ ಇರಲಿಲ್ಲ. ಎಂಬತ್ತರ ದಶಕದ ಆರಂಭದಲ್ಲಿ ಅಮೆರಿಕದ ಟಿ.ವಿ.ಯಲ್ಲಿ ‘ಸರ್ವೈವಲ್ ಆಫ್ ದಿ ಫಿಟ್ಟೆಸ್ಟ್’ ಎಂಬ ಸ್ಪರ್ಧೆ ನಡೆಯುತ್ತಿತ್ತು. ಓಟ, ಹಗ್ಗದ ಆಟ, ಅಡೆತಡೆ ದಾಟುವುದು, ಹೀಗೆ ಹಲವು ಪರೀಕ್ಷೆಗಳು. ಲಿನ್ ಅದನ್ನು ನಾಲ್ಕು ಬಾರಿ ಗೆದ್ದರು. ಗಂಡಸರ ಬಹುಮಾನ ಹೆಂಗಸರದಕ್ಕಿಂತ ಬಹಳ ದೊಡ್ಡದಿತ್ತು. ಅವರು ಅದನ್ನು ಸುಮ್ಮನೆ ಒಪ್ಪಿಕೊಳ್ಳದೆ ಪ್ರಶ್ನೆಯೆತ್ತಿದರು. 1983ರಲ್ಲಿ ದೇಶದ ಇನ್ನೊಂದು ಅಂಚಿಗೆ, ನ್ಯೂಯಾರ್ಕ್ ರಾಜ್ಯಕ್ಕೆ ಹೋಗಿ ನೆಲೆಸಿ, ನ್ಯೂ ಪಾಲ್ಟ್ಜ್ ಎಂಬ ಊರಿನ ವಿಶ್ವವಿದ್ಯಾಲಯದಲ್ಲಿ ಜೀವಶಾಸ್ತ್ರ ಓದಿ ಪದವಿ ಪಡೆದರು. ಊರಿನ ಪಕ್ಕದಲ್ಲೇ ಶವಾಂಗಂಕ್ ಎಂಬ ಬಂಡೆಸಾಲು. ಹತ್ತುವವರ ಬಾಯಲ್ಲಿ ಅದು ‘ಗಂಕ್ಸ್’.

ಗಂಕ್ಸ್‌ನಲ್ಲಿ 1984ರಲ್ಲಿ ಅವರು ಹತ್ತಿದ ‘ವ್ಯಾಂಡಲ್ಸ್’ ಎಂಬ ದಾರಿ ಆ ಪ್ರದೇಶದ ಮೊದಲ 5.13. ಆ ದಾರಿಗಿಂತಲೂ ಅದನ್ನು ಹತ್ತಿದ ಕ್ರಮ ಮುಖ್ಯ. ಹಳೆಯ ಸಂಪ್ರದಾಯದಲ್ಲಿ ಬಿದ್ದವರು ಕೂಡಲೇ ನೆಲಕ್ಕಿಳಿದು ಮತ್ತೆ ಬುಡದಿಂದ ಶುರುಮಾಡಬೇಕಿತ್ತು. ಹಗ್ಗದಲ್ಲಿ ತೂಗಾಡುತ್ತಾ ಮುಂದಿನ ಹಿಡಿತಗಳನ್ನು ಕೈಯಾಡಿಸಿ ನೋಡುವುದನ್ನು ಮೋಸವೆಂದೇ ಎಣಿಸುತ್ತಿದ್ದರು. ಲಿನ್ ಆ ಸಂಪ್ರದಾಯದಲ್ಲೇ ಬೆಳೆದವರು. ವ್ಯಾಂಡಲ್ಸ್‌ನಲ್ಲಿ ಅವರು ಅದನ್ನು ಸಡಿಲಿಸಿದರು. ಬಿದ್ದ ಜಾಗದಲ್ಲೇ ಹಗ್ಗಕ್ಕೆ ಭಾರ ಕೊಟ್ಟು ನಿಂತು, ಬಂಡೆಯನ್ನು ಓದಿ, ಚಲನೆಗಳನ್ನು ಕಲಿತು, ಕೊನೆಗೆ ಬುಡದಿಂದ ತುದಿಗೆ ಬೀಳದೆ ಹತ್ತಿದರು. ಇಂದು ಕಷ್ಟದ ದಾರಿಗಳನ್ನು ಜಗತ್ತೆಲ್ಲ ಕಲಿಯುವುದು ಹೀಗೆಯೇ. ಎಷ್ಟು ಸಲ ಬಿದ್ದರೂ ಲೆಕ್ಕವಿಲ್ಲ, ಕೊನೆಗೊಮ್ಮೆ ನೆಲದಿಂದ ತುದಿಯವರೆಗೆ ಬೀಳದೆ ಹೋಗಬೇಕು. ಅದಕ್ಕೆ ರೆಡ್‌ಪಾಯಿಂಟ್ ಎನ್ನುತ್ತಾರೆ. ಕಂಡಿರದ ದಾರಿಯನ್ನು ಮೊದಲ ಪ್ರಯತ್ನದಲ್ಲೇ ಮುಗಿಸಿದರೆ ಅದು ಆನ್‌ಸೈಟ್, ಇನ್ನೂ ದೊಡ್ಡ ಮರ್ಯಾದೆ.

1986ರಲ್ಲಿ ಫ್ರಾನ್ಸಿಗೆ ಆಹ್ವಾನ ಬಂತು. ಯುರೋಪಿನ ಬಂಡೆ ಬೇರೆಯದೇ ಜಾತಿ. ನಮ್ಮ ನಾಡಿನಲ್ಲೇ ಈ ವ್ಯತ್ಯಾಸವನ್ನು ಕಾಣಬಹುದು. ರಾಮನಗರದ ಗ್ರಾನೈಟ್ ಬೆಟ್ಟಗಳಲ್ಲಿ ಹತ್ತುವವರಿಗೆ ನುಣುಪಾದ ಇಳಿಜಾರು, ಸಣ್ಣ ಹರಳುಗಳು, ಬಿರುಕುಗಳು ಸಿಗುತ್ತವೆ. ಬಾದಾಮಿಯ ಮರಳುಗಲ್ಲಿನಲ್ಲಿ ಅಡ್ಡಕ್ಕೆ ಸಾಗುವ ಪದರಗಳು, ಬೆರಳ ತುದಿ ಕೂರುವ ಅಂಚುಗಳು. ಯೊಸೆಮಿಟಿಯದು ಗ್ರಾನೈಟ್, ದಕ್ಷಿಣ ಫ್ರಾನ್ಸಿನದು ಸುಣ್ಣಕಲ್ಲು. ಸುಣ್ಣಕಲ್ಲಿನಲ್ಲಿ ನೀರು ಕೊರೆದ ತೂತುಗಳಿರುತ್ತವೆ. ಒಂದು ಬೆರಳು ಹಿಡಿಸುವಂಥವು, ಎರಡು ಬೆರಳು ಹಿಡಿಸುವಂಥವು. ಬಂಡೆ ಹೊರಕ್ಕೆ ವಾಲಿರುವುದರಿಂದ ಹೊಟ್ಟೆ, ತೋಳು, ಬೆನ್ನು ಎಲ್ಲಕ್ಕೂ ಕೆಲಸ. ಅಲ್ಲಿ ದಾರಿಯುದ್ದಕ್ಕೂ ಕೊರೆದು ಕೂರಿಸಿದ ಬೋಲ್ಟ್‌ಗಳಿರುವುದರಿಂದ ಹತ್ತುವವರು ರಕ್ಷಣೆಯ ಚಿಂತೆ ಕಡಿಮೆ ಮಾಡಿಕೊಂಡು ಚಲನೆಗೇ ಗಮನ ಕೊಡಬಹುದು. ಇದೇ ಸ್ಪೋರ್ಟ್ ಕ್ಲೈಂಬಿಂಗ್. ಸ್ಪರ್ಧೆಗಳು ಹುಟ್ಟಿದ್ದು ಇದರಿಂದ.

ಇಟಲಿಯ ಆರ್ಕೊ ಎಂಬ ಊರಿನ ಸ್ಪರ್ಧೆ ಆಗ ಎಲ್ಲಕ್ಕಿಂತ ಹೆಸರಾದದ್ದು. 1986ರಲ್ಲಿ ಫ್ರಾನ್ಸಿನ ಕ್ಯಾಥರೀನ್ ದೆಸ್ತಿವೆಲ್ ಅವರ ಎದುರು ಲಿನ್ ಸೋತರು. ಆ ತೀರ್ಪಿನ ಬಗ್ಗೆ ವಿವಾದವೂ ಎದ್ದಿತು. ಮರುವರ್ಷದಿಂದ ಆರ್ಕೊದಲ್ಲಿ ಒಟ್ಟು ಐದು ಬಾರಿ ಗೆದ್ದರು: 1987, 1988, 1989, 1990, 1992. ಎಲ್ಲ ಸೇರಿದರೆ ಅವರ ಅಂತರರಾಷ್ಟ್ರೀಯ ಗೆಲುವುಗಳು ಮೂವತ್ತಕ್ಕೂ ಹೆಚ್ಚು. ಈ ವರ್ಷಗಳಲ್ಲೇ ಬಂಡೆ ಹತ್ತುವುದು ಅವರಿಗೆ ನಿಜವಾದ ಉದ್ಯೋಗವಾದದ್ದು. ಬಹುಮಾನದ ಹಣ ಒಂದು ಪಾಲು. ಶೂ, ಹಗ್ಗ, ಬಟ್ಟೆ ತಯಾರಿಸುವ ಕಂಪನಿಗಳು ಕೊಡುವ ಪ್ರಾಯೋಜನೆ ಇನ್ನೊಂದು ಪಾಲು. ಪ್ರದರ್ಶನ, ಭಾಷಣ, ಚಿತ್ರೀಕರಣ ಮತ್ತೊಂದು. ಇಂದಿಗೂ ವೃತ್ತಿಪರ ಕ್ಲೈಂಬರ್‌ಗಳ ಸಂಪಾದನೆ ಹೀಗೆ ಹಲವು ಕಡೆಯಿಂದ ಕೂಡಿ ಬರುವಂಥದ್ದು. ಇಲ್ಲೂ ಹೆಂಗಸರ ಬಹುಮಾನ ಕಡಿಮೆ ಏಕೆಂದು ಲಿನ್ ಸಭೆಯೊಂದರಲ್ಲಿ ಕೇಳಿದ್ದುಂಟು. ಸಿಕ್ಕಿದ್ದು ಹೆಂಗಸರ ಮೈಯನ್ನು ಕುರಿತ ಒಂದು ಕೀಳು ಹಾಸ್ಯ. ಅಂಥ ಉತ್ತರ ಕೊಟ್ಟವರ ಮುಂದೆ ಮತ್ತೆ ಮತ್ತೆ ಬಂದು ಗೋಡೆ ಹತ್ತಿ ಗೆದ್ದ ಅವರ ಸ್ಥೈರ್ಯ ನನಗೆ ಪದಕಗಳಿಗಿಂತ ದೊಡ್ಡದಾಗಿ ಕಾಣುತ್ತದೆ.

ಆ ನಡುವೆ 1989ರ ಮೇ ತಿಂಗಳು. ಫ್ರಾನ್ಸಿನ ಬ್ಯುಕ್ಸ್ ಎಂಬಲ್ಲಿ, ಮೈ ಬಿಸಿಮಾಡಿಕೊಳ್ಳಲು ಹತ್ತುವಂಥ ಒಂದು ಸುಲಭದ ದಾರಿ. ಹಾರ್ನೆಸ್‌ಗೆ ಹಗ್ಗ ಪೋಣಿಸಿ ಗಂಟು ಹಾಕಲು ಶುರುಮಾಡಿದವರು, ನಡುವೆ ಯಾರೊಂದಿಗೋ ಮಾತಾಡುತ್ತಾ ಶೂ ಹಾಕಿಕೊಳ್ಳಲು ಹೋದರು. ಗಂಟು ಅರ್ಧಕ್ಕೇ ಉಳಿಯಿತು. ಮೇಲಂಗಿ ಅದನ್ನು ಮುಚ್ಚಿತ್ತು. ಹತ್ತುವಾಗ ಹಗ್ಗದ ಮೇಲೆ ಭಾರವೇ ಬೀಳದ್ದರಿಂದ ಏನೂ ತಿಳಿಯಲಿಲ್ಲ. ತುದಿ ಮುಟ್ಟಿ, ಕೆಳಗಿಳಿಯಲು ಹಗ್ಗಕ್ಕೆ ಒರಗಿದರು. ಹಗ್ಗ ಜಾರಿಹೋಯಿತು. ಸುಮಾರು 25 ಮೀಟರ್ ಬಿದ್ದರು. ಮರವೊಂದರ ಕೊಂಬೆಗಳು ಬೀಳುವ ವೇಗವನ್ನು ತಡೆದದ್ದರಿಂದ ಜೀವ ಉಳಿಯಿತು. ಮೊಣಕೈ ಕೀಲು ತಪ್ಪಿತು, ಪಾದದ ಮೂಳೆ ಮುರಿಯಿತು. ಕೆಲವೇ ತಿಂಗಳಲ್ಲಿ ಸ್ಪರ್ಧೆಗೆ ಮರಳಿ ಆ ವರ್ಷವೂ ಆರ್ಕೊ ಗೆದ್ದರು.

ಈ ಘಟನೆಯನ್ನು ಹೊಸಬರಿಗೆ ನಿಧಾನವಾಗಿ ಹೇಳುವುದು ಹೆದರಿಸಲಿಕ್ಕಲ್ಲ. ಹದಿನಾಲ್ಕು ವರ್ಷ ಹತ್ತಿ ಪಳಗಿದ, ಜಗತ್ತಿನ ಅಗ್ರಗಣ್ಯ ಕ್ಲೈಂಬರ್ ಒಬ್ಬರಿಗೆ ಇದು ಆಯಿತು, ಅದೂ ಅತ್ಯಂತ ಸುಲಭದ ದಾರಿಯಲ್ಲಿ. ಹಗ್ಗ ಕಿತ್ತುಹೋಗಲಿಲ್ಲ, ಬೋಲ್ಟ್ ಕಳಚಲಿಲ್ಲ. ಗಮನ ಮಾತ್ರ ಒಂದು ಕ್ಷಣ ಬೇರೆಡೆ ಹೋಗಿತ್ತು. ಇಂದು ಬೆಂಗಳೂರಿನ ಯಾವ ಒಳಾಂಗಣ ಗೋಡೆಗೆ ಹೋದರೂ, ನೆಲ ಬಿಡುವ ಮುನ್ನ ಜೊತೆಗಾರರ ಗಂಟನ್ನು ನೀವು, ನಿಮ್ಮ ಗಂಟನ್ನು ಅವರು ಕಣ್ಣಿಂದ ನೋಡಿ ಕೈಯಿಂದ ಎಳೆದು ಪರೀಕ್ಷಿಸಬೇಕೆಂದು ಕಲಿಸುತ್ತಾರೆ. ಗಂಟು ಹಾಕುತ್ತಿರುವವರನ್ನು ಮಾತಾಡಿಸಬೇಡಿ. ಹಾಕಲು ಹಿಡಿದ ಗಂಟನ್ನು ಮುಗಿಸದೆ ಬೇರೆ ಯಾವುದಕ್ಕೂ ಕೈ ಹಾಕಬೇಡಿ. ಉಳಿದ ತಂತ್ರಗಳೆಲ್ಲ ಆಮೇಲೆ.

ತೊಂಬತ್ತರ ದಶಕದ ಆರಂಭದಲ್ಲಿ ದಕ್ಷಿಣ ಫ್ರಾನ್ಸಿನ ಸಿಮಾಯಿ ಎಂಬಲ್ಲಿ ಲಿನ್ ‘ಮಾಸ್ ಕ್ರಿಟೀಕ್’ ಎಂಬ ದಾರಿಯನ್ನು ಹತ್ತಿದರು. ದರ್ಜೆ 8ಬಿ+, ಅಂದರೆ 5.14ಎ. ಈ ದರ್ಜೆ ಹೆಂಗಸರಿಗೆ ಎಟುಕದು ಎಂಬರ್ಥದ ಮಾತನ್ನು ಫ್ರಾನ್ಸಿನ ಹೆಸರಾಂತ ಕ್ಲೈಂಬರ್ ಜೆ. ಬಿ. ತ್ರಿಬು ಆಡಿದ್ದರೆಂಬುದು ಹತ್ತುವವರ ಲೋಕದಲ್ಲಿ ಪ್ರಸಿದ್ಧ. ಆ ದರ್ಜೆ ಮುಟ್ಟಿದ ಮೊದಲ ಮಹಿಳೆಯಾಗಿ ಲಿನ್ ಹಿಲ್ ಹೆಸರು ದಾಖಲಾಯಿತು. 1992ರ ಹೊತ್ತಿಗೆ ಸ್ಪರ್ಧೆಗಳೆಲ್ಲ ಕೃತಕ ಗೋಡೆಗಳ ಮೇಲೆ ನಡೆಯತೊಡಗಿದ್ದವು. ಅಲ್ಲಿ ಗೆಲ್ಲುತ್ತಿರುವಾಗಲೇ ಅವರು ಬಿಟ್ಟು ಹೊರಬಂದು ನಿಜವಾದ ಬಂಡೆಗೆ ಮರಳಿದರು.

ಈಗ ನೋಸ್. ಇದನ್ನು ಮೊದಲು ಹತ್ತಿದ್ದು 1958ರಲ್ಲಿ, ವಾರನ್ ಹಾರ್ಡಿಂಗ್ ಮತ್ತು ಸಂಗಡಿಗರು, ಮೊಳೆ ಬಡಿದು ಬೋಲ್ಟ್ ಕೊರೆಯುತ್ತಾ. ಹದಿನೆಂಟು ತಿಂಗಳ ಅವಧಿಯಲ್ಲಿ ನಲವತ್ತೈದಕ್ಕೂ ಹೆಚ್ಚು ದಿನ ಬಂಡೆಯ ಮೇಲೆ ಕಳೆದಿದ್ದರು. 1975ರಲ್ಲಿ ಜಿಮ್ ಬ್ರಿಡ್‌ವೆಲ್, ಜಾನ್ ಲಾಂಗ್, ಬಿಲ್ಲಿ ವೆಸ್ಟ್‌ಬೇ ಇದನ್ನು ಮೊದಲ ಬಾರಿ ಒಂದೇ ದಿನದಲ್ಲಿ ಹತ್ತಿದರು, ಅವರೂ ಸಲಕರಣೆಯ ನೆರವಿನಿಂದಲೇ. ಫ್ರೀ ಹತ್ತಬೇಕೆಂಬುದು ಹಲವರ ಕನಸಾಗಿತ್ತು. ರೇ ಜಾರ್ಡಿನ್ ಎಂಬವರು ಎಂಬತ್ತರ ದಶಕದ ಆರಂಭದಲ್ಲಿ ಅದಕ್ಕಾಗಿ ಬಂಡೆಯ ಒಂದು ಭಾಗದಲ್ಲಿ ಉಳಿಯಿಂದ ಹಿಡಿತಗಳನ್ನೇ ಕೆತ್ತಿಬಿಟ್ಟರು. ಆಮೇಲೆ ಅಲ್ಲಿಗೇ ನಿಲ್ಲಿಸಿದರು. ಬಂಡೆಯನ್ನು ಕೆತ್ತುವುದು ತಪ್ಪೆಂದು ನಾನೂ ನಂಬುತ್ತೇನೆ. ಆದರೆ ಆ ಭಾಗ ಈಗ ದಾರಿಯ ಅಂಗವಾಗಿ ಉಳಿದುಬಿಟ್ಟಿದೆ, ಆಮೇಲೆ ಫ್ರೀ ಹತ್ತಿದವರು ಅದರ ಮೇಲೇ ಸಾಗಬೇಕಾಗಿದೆ. ಎಲ್ ಕ್ಯಾಪಿಟನ್‌ನ ಇನ್ನೊಂದು ದಾರಿ ಸಲಾಥೆ 1988ರಲ್ಲಿ ಟಾಡ್ ಸ್ಕಿನ್ನರ್ ಮತ್ತು ಪಾಲ್ ಪಿಯಾನ ಅವರಿಗೆ ಒಲಿಯಿತು. ನೋಸ್ ಮಾತ್ರ ಯಾರಿಗೂ ಒಲಿದಿರಲಿಲ್ಲ. ತಡೆದದ್ದು ಮುಖ್ಯವಾಗಿ ಎರಡು ಜಾಗಗಳು.

ಒಂದು ‘ಗ್ರೇಟ್ ರೂಫ್’, ಇಪ್ಪತ್ತೆರಡನೆಯ ಪಿಚ್. ನೆಲದಿಂದ ಸುಮಾರು 600 ಮೀಟರ್ ಮೇಲೆ ಬಂಡೆಯೇ ಚಾವಣಿಯಂತೆ ಹೊರಚಾಚಿದೆ. ಆ ಚಾವಣಿಯೂ ಗೋಡೆಯೂ ಕೂಡುವ ಸಂದಿನಲ್ಲಿ ಕೂದಲೆಳೆಯಂಥ ಬಿರುಕು ಬಲಕ್ಕೆ ಸಾಗುತ್ತದೆ. ಕೈಬೆರಳ ತುದಿಗಳನ್ನು ಕೆಳಗಿನಿಂದ ಅದರೊಳಗೆ ತುರುಕಿ, ಕಾಲಿಗೆ ಏನೂ ಇಲ್ಲದ ನುಣ್ಣನೆ ಗೋಡೆಗೆ ಶೂವಿನ ರಬ್ಬರನ್ನು ಒತ್ತಿ, ಆ ಒತ್ತಡವೊಂದನ್ನೇ ನಂಬಿ ಅಡ್ಡಕ್ಕೆ ಸರಿಯಬೇಕು. ದಪ್ಪ ಬೆರಳಿನವರಿಗೆ ಆ ಬಿರುಕು ಜಾಗ ಕೊಡುವುದಿಲ್ಲ. ಲಿನ್ ಅವರ ಬೆರಳುಗಳು ಹಿಡಿಸಿದವು. ಇಷ್ಟನ್ನೇ ಹಿಡಿದುಕೊಂಡು, ಅವಳಿಗೆ ಬೆರಳು ಸಣ್ಣ, ಅದಕ್ಕೇ ಆಯಿತು ಎಂದವರಿದ್ದಾರೆ. ಉಳಿದ ಮೂವತ್ತು ಪಿಚ್‌ಗಳಲ್ಲಿ ಉದ್ದ ಕೈಯವರು ನಿಂತಲ್ಲೇ ಎಟುಕಿಸಿಕೊಳ್ಳುವ ಹಿಡಿತಗಳಿಗೆ ಅವರು ನಡುವೆ ಎರಡು ಮೂರು ಚಲನೆ ಹೆಚ್ಚಿಗೆ ಹುಡುಕಿಕೊಳ್ಳಬೇಕಾಗಿತ್ತು. ಅದನ್ನು ಹಾಗೆಂದವರು ಲೆಕ್ಕಕ್ಕೆ ತೆಗೆದುಕೊಳ್ಳಲಿಲ್ಲ. ಎಲ್ಲ ದೇಹಕ್ಕೂ ಅನುಕೂಲ, ಅನನುಕೂಲ ಎರಡೂ ಇರುತ್ತವೆ. ಬಂಡೆ ಹತ್ತುವ ವಿದ್ಯೆ ಎಂದರೆ ನಿಮ್ಮ ದೇಹಕ್ಕೆ ಹೊಂದುವ ದಾರಿಯನ್ನು ಕಂಡುಕೊಳ್ಳುವುದು. ನನ್ನ ಮಟ್ಟಿಗೆ ಲಿನ್ ಹಿಲ್ ಅವರ ಇಡೀ ಬದುಕು ಹೇಳುವುದು ಇದನ್ನೇ.

ಅದಕ್ಕೆ ಸಾಕ್ಷಿ ಎರಡನೆಯ ಜಾಗ, ‘ಚೇಂಜಿಂಗ್ ಕಾರ್ನರ್ಸ್’. ತುದಿ ಇನ್ನೇನು ಹತ್ತಿರ ಎನ್ನುವಾಗ ಬರುವ ಇಪ್ಪತ್ತೇಳನೆಯ ಪಿಚ್. ಅಲ್ಲಿಯವರೆಗೆ ಹಿಡಿದು ಬಂದ ಮೂಲೆ ಬರಿದಾಗುತ್ತದೆ, ಏಣನ್ನು ಬಳಸಿ ಪಕ್ಕದ ಇನ್ನೊಂದು ಮೂಲೆಗೆ ದಾಟಬೇಕು. ಹಿಡಿಯಲು ಹೆಚ್ಚೇನೂ ಇಲ್ಲ. 1993ರಲ್ಲಿ ಬ್ರಿಟನ್ನಿನ ಸೈಮನ್ ನೇಡಿನ್ ಜೊತೆಗಿನ ಮೊದಲ ಯತ್ನದಲ್ಲಿ ಗ್ರೇಟ್ ರೂಫ್ ಒಲಿಯಿತು, ಇದು ಒಲಿಯಲಿಲ್ಲ. ಬ್ರೂಕ್ ಸ್ಯಾಂಡಲ್ ಎಂಬ ಗೆಳೆಯನೊಂದಿಗೆ ಮತ್ತೆ ಬಂದರು. ತುದಿಯಿಂದ ಹಗ್ಗದಲ್ಲಿ ಇಳಿದು ಈ ಒಂದು ಮೂಲೆಯನ್ನೇ ದಿನಗಟ್ಟಲೆ ಅಭ್ಯಾಸ ಮಾಡಿದರು. ಕೊನೆಗೆ ಸಿಕ್ಕಿದ್ದು ಯಾರೂ ಊಹಿಸದ ಉಪಾಯ. ಎದುರುಬದುರಿನ ಎರಡು ಗೋಡೆಗಳಿಗೆ ಅಂಗೈ, ಪಾದ, ಮೊಣಕೈ, ಸೊಂಟಗಳನ್ನು ಒತ್ತಿಹಿಡಿದು, ಆ ಒತ್ತಡದ ನಡುವೆಯೇ ಇಡೀ ಮೈಯನ್ನು ಹಿಂದುಮುಂದು ತಿರುಗಿಸಿಕೊಳ್ಳುವುದು. ತೋಳಿನ ಬಲ ಇಲ್ಲಿ ಹೆಚ್ಚು ನೆರವಾಗುವುದಿಲ್ಲ. ಬೇಕಾದದ್ದು ಸಮತೋಲ, ಮೈ ಬಾಗುವ ಗುಣ, ಎಲ್ಲಿ ಎಷ್ಟು ಒತ್ತಬೇಕೆಂಬ ಅರಿವು. ಚಿಕ್ಕಂದಿನ ಜಿಮ್ನಾಸ್ಟಿಕ್ಸ್ ಇಲ್ಲಿ ಕೈಹಿಡಿಯಿತು. ನಾಲ್ಕು ದಿನಗಳ ಏರಿಕೆಯಲ್ಲಿ ಅದೂ ದಾಟಿತು. ಈ ಪಿಚ್‌ಗೆ ಅವರು ಕೊಟ್ಟ ದರ್ಜೆ 5.13ಬಿ. ಆಮೇಲೆ ಬಂದವರು ಅದು 5.14ಎ ಅಥವಾ ಇನ್ನೂ ಹೆಚ್ಚೆಂದು ತಿದ್ದಿದರು. ತುದಿಯಲ್ಲಿ ನಿಂತು ಅವರು ಹುಡುಗರನ್ನುದ್ದೇಶಿಸಿ, ಇದು ಹತ್ತಲಾಗುತ್ತದೆ ಕಣ್ರೋ ಎಂಬರ್ಥದ ಮಾತಾಡಿದ್ದು ಇಂದಿಗೂ ಎಲ್ಲರ ಬಾಯಲ್ಲಿದೆ.

ಅಷ್ಟಕ್ಕೆ ತೃಪ್ತರಾಗಿದ್ದರೆ ಯಾರೂ ತಪ್ಪೆನ್ನುತ್ತಿರಲಿಲ್ಲ. ನಾಲ್ಕು ದಿನದ ಏರಿಕೆಯಲ್ಲಿ ರಾತ್ರಿ ಮಲಗಿ ಚೇತರಿಸಿಕೊಳ್ಳಬಹುದು. ಒಂದೇ ದಿನದ ಏರಿಕೆಯಲ್ಲಿ ಕೈ ಸೋತು ಚರ್ಮ ಸವೆದ ಮೇಲೆ ಕಡುಕಷ್ಟದ ಪಿಚ್‌ಗಳು ಎದುರಾಗುತ್ತವೆ. 1994ರ ಮೊದಲ ಯತ್ನ ಬಿಸಿಲಿಗೆ ಬಲಿಯಾಯಿತು. ಕುಡಿಯುವ ನೀರೂ ಬೆವರು ಹೀರುವ ಚಾಕ್ ಪುಡಿಯೂ ನಡುದಾರಿಯಲ್ಲೇ ಮುಗಿದುಹೋದವು. ಸೆಪ್ಟೆಂಬರ್ 19ರ ರಾತ್ರಿ ಹತ್ತಕ್ಕೆ ಸ್ಟೀವ್ ಸಟನ್ ಎಂಬವರನ್ನು ಬಿಲೇಗೆ ಜೊತೆ ಮಾಡಿಕೊಂಡು ಮತ್ತೆ ಹೊರಟರು. ರಾತ್ರಿ ಹೊರಟದ್ದರಲ್ಲಿ ಲೆಕ್ಕಾಚಾರವಿತ್ತು. ಕೆಳಗಿನ ಸುಲಭದ ಭಾಗವನ್ನು ಕತ್ತಲಲ್ಲಿ ಹಣೆದೀಪದ ಬೆಳಕಿನಲ್ಲಿ ಮುಗಿಸಿದರೆ ಗ್ರೇಟ್ ರೂಫ್ ಹೊತ್ತಿಗೆ ಹಗಲಿರುತ್ತದೆ. ಬೆವರುವ ಬೆರಳು ಜಾರುತ್ತದೆ, ತಣ್ಣನೆಯ ಬಂಡೆ ರಬ್ಬರನ್ನು ಚೆನ್ನಾಗಿ ಹಿಡಿಯುತ್ತದೆ, ಆದ್ದರಿಂದ ಹೊತ್ತುಗೊತ್ತು ನೋಡಿಕೊಳ್ಳುವುದೂ ಈ ವಿದ್ಯೆಯ ಭಾಗ. 23 ಗಂಟೆಗಳಲ್ಲಿ, ಎಲ್ಲ ಪಿಚ್‌ಗಳಲ್ಲೂ ತಾವೇ ಮುಂದಾಗಿ, ತುದಿ ಸೇರಿದರು.

ನೋಸ್ ದಾರಿಯನ್ನು ಹೀಗೆ ಒಂದೇ ದಿನದಲ್ಲಿ ಫ್ರೀ ಹತ್ತಿದ ಎರಡನೆಯವರು ಟಾಮಿ ಕಾಲ್ಡ್‌ವೆಲ್. ಅದು 2005ರಲ್ಲಿ, ಹನ್ನೊಂದು ವರ್ಷಗಳ ನಂತರ. ನಡುವಿನ ಆ ಹನ್ನೊಂದು ವರ್ಷಗಳಲ್ಲಿ ಶೂಗಳು ಸುಧಾರಿಸಿದ್ದವು, ತರಬೇತಿಯ ವಿಜ್ಞಾನ ಬೆಳೆದಿತ್ತು, ಗಟ್ಟಿಗರ ಸಂಖ್ಯೆ ಎಷ್ಟೋ ಪಟ್ಟು ಹೆಚ್ಚಿತ್ತು.

ಮುಂದಿನ ವರ್ಷಗಳನ್ನು ಬೇಗ ದಾಟೋಣ. 1995ರಲ್ಲಿ ಕಿರ್ಗಿಸ್ತಾನದ ಕಾರಾವ್‌ಷಿನ್ ಗೋಡೆಗಳು. 1998ರಲ್ಲಿ ಕ್ಯಾಂಪ್ 4ರ ‘ಮಿಡ್‌ನೈಟ್ ಲೈಟ್ನಿಂಗ್’, ಹಗ್ಗವಿಲ್ಲದೆ ಹತ್ತುವ ಗುಂಡು ಬಂಡೆ. ಹಂಪಿಯ ಬಂಡೆಗಳ ಮೇಲೆ ದಪ್ಪ ಹಾಸಿಗೆ ಹಾಸಿಕೊಂಡು ಹತ್ತುವವರನ್ನು ನೀವು ಕಂಡಿದ್ದರೆ ಈ ಬಗೆ ಗೊತ್ತಿರುತ್ತದೆ, ಹೆಸರು ಬೌಲ್ಡರಿಂಗ್. ಮಿಡ್‌ನೈಟ್ ಲೈಟ್ನಿಂಗ್ ಹತ್ತಿದ ಮೊದಲ ಮಹಿಳೆಯೂ ಲಿನ್ ಅವರೇ. 1999ರಲ್ಲಿ ಮಡಗಾಸ್ಕರ್‌ನ ತ್ಸರನೊರೊ ಎಂಬ ಗ್ರಾನೈಟ್ ಗೋಡೆಯ ಮೇಲೆ ನ್ಯಾನ್ಸಿ ಫೇಗನ್, ಕ್ಯಾತ್ ಪೈಕ್ ಮತ್ತು ಆಗಿನ್ನೂ ಹದಿಹರೆಯದಲ್ಲಿದ್ದ ಬೆತ್ ರಾಡನ್ ಜೊತೆ ಹೊಸ ದಾರಿಯೊಂದನ್ನು ತೆರೆದರು. ತಂಡದಲ್ಲಿ ಎಲ್ಲರೂ ಮಹಿಳೆಯರು. ಬೆತ್ ರಾಡನ್ 2005ರಲ್ಲಿ ನೋಸ್ ಫ್ರೀ ಹತ್ತಿದರು. 2002ರಲ್ಲಿ ಲಿನ್ ಅವರ ಆತ್ಮಕಥೆ ‘ಕ್ಲೈಂಬಿಂಗ್ ಫ್ರೀ’ ಬಂತು. 2003ರಲ್ಲಿ, ನಲವತ್ತೆರಡನೆಯ ವಯಸ್ಸಿನಲ್ಲಿ, ತಾಯಿಯಾದರು. ಕೊಲರಾಡೊದ ಬೋಲ್ಡರ್ ಎಂಬ ಊರಿನಲ್ಲಿ ನೆಲೆಸಿ ಹತ್ತುವುದನ್ನೂ ಕಲಿಸುವುದನ್ನೂ ಮುಂದುವರಿಸಿದರು.

ಲಿನ್ ಸ್ಪರ್ಧಿಸುತ್ತಿದ್ದ ಕಾಲದಲ್ಲೇ ಅಮೆರಿಕದ ಇನ್ನೊಬ್ಬರು, ರಾಬಿನ್ ಅರ್ಬ್ಸ್‌ಫೀಲ್ಡ್, ಯುರೋಪಿನ ಸ್ಪರ್ಧೆಗಳಿಗೆ ಬಂದರು. 1992ರಿಂದ 1995ರವರೆಗೆ ಸತತ ನಾಲ್ಕು ವರ್ಷ ವಿಶ್ವಕಪ್ ಅವರದಾಯಿತು. ಫ್ರಾನ್ಸಿನ ಕ್ಲೈಂಬರ್ ದಿದಿಯೆ ರಬುತು ಅವರನ್ನು ಮದುವೆಯಾಗಿ ಅವರೂ ಬೋಲ್ಡರ್‌ನಲ್ಲೇ ನೆಲೆಸಿ ಮಕ್ಕಳಿಗೆ ಹತ್ತುವುದನ್ನು ಕಲಿಸುವ ಶಾಲೆ ನಡೆಸಿದರು. ಅವರ ಮಗಳು ಬ್ರೂಕ್ ರಬುತು. ಟೋಕಿಯೊದಲ್ಲಿ ಬಂಡೆ ಹತ್ತುವುದು ಮೊದಲ ಬಾರಿ ಒಲಿಂಪಿಕ್ಸ್‌ಗೆ ಸೇರಿದಾಗ ಬ್ರೂಕ್ ಐದನೆಯವರಾದರು. 2024ರ ಪ್ಯಾರಿಸ್‌ನಲ್ಲಿ ಬೆಳ್ಳಿ ಗೆದ್ದರು, ಚಿನ್ನ ಎರಡೂ ಸಲ ಸ್ಲೊವೇನಿಯಾದ ಯಾನ್ಯಾ ಗಾರ್ನ್‌ಬ್ರೆಟ್ ಅವರದು. 2025ರ ಏಪ್ರಿಲ್‌ನಲ್ಲಿ ಬ್ರೂಕ್ ‘ಎಕ್ಸ್‌ಕ್ಯಾಲಿಬರ್’ ಎಂಬ ದಾರಿಯನ್ನು ಮುಗಿಸಿ, 9ಬಿ+ ದರ್ಜೆ ಮುಟ್ಟಿದ ಮೊದಲ ಮಹಿಳೆಯಾದರು. ಲಿನ್ ಹತ್ತಿದ 8ಬಿ+ನಿಂದ ಎಣಿಸಿದರೆ ಅದು ಆರು ಮೆಟ್ಟಿಲು ಮೇಲೆ. ಆ ದಾರಿ ಇರುವುದು ಇಟಲಿಯಲ್ಲಿ, ಲಿನ್ ಐದು ಬಾರಿ ಗೆದ್ದ ಆರ್ಕೊದ ಹತ್ತಿರದಲ್ಲಿ.